ಮಗನ ತಲೆಗೆ ಪೆಟ್ಟು ಬಿದ್ದಿದೆ, ಈಗೇನು? ಮಕ್ಕಳ ಅಮೆರಿಕನ್ ಫುಟ್‌ಬಾಲ್ ಬಗ್ಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಆಗಸ್ಟ್ ಬಂತೆಂದರೆ ನನ್ನ ಫೋನಿಗೆ ಬಿಡುವಿಲ್ಲ. ಡಲ್ಲಾಸ್ ಸುತ್ತಮುತ್ತಲಿನ ಕನ್ನಡದ ಮನೆಗಳಲ್ಲಿ ಯಾರ ಮಗನೋ ಏಳನೇ ಗ್ರೇಡಿಗೆ ಬಂದಿರುತ್ತಾನೆ, ಫುಟ್‌ಬಾಲ್ ಸೇರಲೇಬೇಕು ಅಂತ ಹಟ ಹಿಡಿದಿರುತ್ತಾನೆ. ಅಪ್ಪನಿಗೆ ಒಳಗೊಳಗೇ ಖುಷಿ, ಅಮ್ಮನಿಗೆ ಎದೆ ಢವಢವ. ಆಮೇಲೆ ನನಗೊಂದು ಫೋನ್. ನನ್ನ ಮಗ ಈ ಆಟ ಆಡಿದವನು, ತಲೆಗೆ ಪೆಟ್ಟು ತಿಂದು ಐದು ವಾರ ಆಟ ಬಿಟ್ಟು ಕೂತವನು. ನನ್ನ ಅರ್ಹತೆ ಅಷ್ಟೇ. ನಾನು ಡಾಕ್ಟರಲ್ಲ. ಆದರೆ ಆ ಐದು ವಾರದಲ್ಲಿ ಮತ್ತು ಆಮೇಲೆ ಓದಿದ್ದು, ಡಾಕ್ಟರನ್ನು ಕಾಡಿ ಬೇಡಿ ಕೇಳಿದ್ದು ಬೇಕಾದಷ್ಟಿದೆ. ಒಂದೇ ಉತ್ತರವನ್ನು ಎಷ್ಟು ಸಲ ಫೋನಿನಲ್ಲಿ ಹೇಳುವುದು ಅಂತ ಬರೆದಿಟ್ಟಿದ್ದೇನೆ.

ಕನ್ಕಷನ್ ಅಂದರೆ ನಿಜವಾಗಿ ಏನು?

ಹೊರಗೆ ಗಾಯ ಕಾಣದೆ, ಒಳಗೆ ಮಿದುಳಿನ ಕೆಲಸ ಸ್ವಲ್ಪ ಕಾಲ ಏರುಪೇರಾಗುವುದು. ನಾನು ಮೊಸರಿನ ಡಬ್ಬಿಯ ಲೆಕ್ಕ ಹೇಳುತ್ತೇನೆ. ಯಾರದೋ ಮನೆ ಊಟಕ್ಕೆ ಅಂತ ಗಟ್ಟಿ ಮೊಸರಿನ ಡಬ್ಬಿಯನ್ನು ಕಾರಿನಲ್ಲಿಟ್ಟುಕೊಂಡು ಹೊರಟಿದ್ದೀರಿ. ದಾರಿಯಲ್ಲಿ ಗಕ್ಕನೆ ಬ್ರೇಕ್ ಹಾಕಿದಿರಿ. ಡಬ್ಬಿಯ ಮೇಲೆ ಒಂದು ಗೀರೂ ಇರುವುದಿಲ್ಲ. ಮುಚ್ಚಳ ತೆಗೆದರೆ ಮೊಸರು ಒಡೆದು ನೀರು ಬಿಟ್ಟಿರುತ್ತದೆ.

ತಲೆಬುರುಡೆಯೊಳಗೆ ಮಿದುಳು ನೀರಿನಂಥ ದ್ರವದಲ್ಲಿ ತೇಲುತ್ತಿರುತ್ತದೆ. ಓಡುತ್ತಿದ್ದ ತಲೆ ಥಟ್ಟನೆ ನಿಂತಾಗ, ಅದಕ್ಕಿಂತ ಜಾಸ್ತಿ, ತಲೆ ಗಿರ್ರನೆ ಪಕ್ಕಕ್ಕೆ ತಿರುಗಿದಾಗ, ಒಳಗಿನ ನರತಂತುಗಳು ಜಗ್ಗುತ್ತವೆ. ಕೋಶದೊಳಗಿನ ಪೊಟ್ಯಾಷಿಯಂ ಹೊರಗೆ ಸುರಿಯುತ್ತದೆ, ಹೊರಗಿನ ಕ್ಯಾಲ್ಷಿಯಂ ಒಳಗೆ ನುಗ್ಗುತ್ತದೆ. ಅದನ್ನು ಮತ್ತೆ ಸರಿ ಮಾಡಲು ಕೋಶಗಳಿಗೆ ಸಿಕ್ಕಾಪಟ್ಟೆ ಶಕ್ತಿ ಬೇಕು. ಅದೇ ಹೊತ್ತಿಗೆ ಮಿದುಳಿಗೆ ಹರಿಯುವ ರಕ್ತ ಕಡಿಮೆಯಾಗಿರುತ್ತದೆ. ಕೆಲಸ ಜಾಸ್ತಿ, ರೇಷನ್ ಕಮ್ಮಿ. ಹುಡುಗ ಮಂಕಾಗುವುದು, ಸುಸ್ತಾಗುವುದು, ಯೋಚನೆ ನಿಧಾನವಾಗುವುದು ಇದರಿಂದಲೇ.

ತಲೆಗೇ ಪೆಟ್ಟು ಬೀಳಬೇಕು ಅಂತೇನೂ ಇಲ್ಲ. ಎದೆಗೆ ಗುದ್ದಿದ ರಭಸಕ್ಕೆ ಕುತ್ತಿಗೆ ಹಿಂದಕ್ಕೂ ಮುಂದಕ್ಕೂ ಜೋಲಿ ಹೊಡೆದರೂ ಸಾಕು.

ಪ್ರಜ್ಞೆ ತಪ್ಪಿರಲಿಲ್ಲ. ಹಾಗಾದರೆ ಕನ್ಕಷನ್ ಅಲ್ಲ, ಅಲ್ವಾ?

ಇದೇ ಎಲ್ಲರೂ ಮಾಡುವ ತಪ್ಪು, ನಾನೂ ಮಾಡಿದ್ದೆ. ಹೆಚ್ಚಿನ ಕನ್ಕಷನ್‌ಗಳಲ್ಲಿ ಪ್ರಜ್ಞೆ ತಪ್ಪುವುದೇ ಇಲ್ಲ.

ನನ್ನ ಮಗನದು ಗುರುವಾರ ಸಂಜೆಯ ಫ್ರೆಷ್‌ಮನ್ ಮ್ಯಾಚ್, ಅಂದರೆ ಒಂಬತ್ತನೇ ಗ್ರೇಡಿನವರದು. ಎರಡನೇ ಅರ್ಧದ ಶುರುವಿನಲ್ಲಿ ಒಂದು ಟ್ಯಾಕಲ್ ಮಾಡಿದ, ಅಂದರೆ ಚೆಂಡು ಹಿಡಿದು ಓಡುವವನನ್ನು ತಬ್ಬಿ ಕೆಡವಿದ. ಇಬ್ಬರೂ ಬಿದ್ದರು, ಇಬ್ಬರೂ ಎದ್ದರು. ಇವನು ಹೆಲ್ಮೆಟ್ ಸರಿ ಮಾಡಿಕೊಂಡು ಓಡಿದ. ನನಗೆ ಏನೂ ಅನಿಸಲಿಲ್ಲ. ಸೈಡ್‌ಲೈನಿನಲ್ಲಿ ನಿಂತವರಿಗೂ ಅನಿಸಲಿಲ್ಲ. ಮ್ಯಾಚ್ ಪೂರ್ತಿ ಆಡಿದ.

ಕಾರಿನಲ್ಲಿ ಕೂತ ಮೇಲೆ ಕೇಳಿದ: "ಅಮ್ಮ, ಸ್ಕೋರ್ ಎಷ್ಟಾಯ್ತು?"

"14–7. ನೀವೇ ಗೆದ್ರಲ್ಲೋ."

ಎರಡು ಸಿಗ್ನಲ್ ದಾಟಿದ ಮೇಲೆ ಮತ್ತೆ, "ಅಮ್ಮ, ಸ್ಕೋರ್ ಎಷ್ಟಾಯ್ತು?" ತಮಾಷೆ ಮಾಡುತ್ತಿದ್ದಾನೆ ಅಂದುಕೊಂಡೆ. ಮನೆಗೆ ಬಂದು ಗ್ಯಾರೇಜ್ ಬಾಗಿಲು ಏಳುತ್ತಿರುವಾಗ ಮೂರನೇ ಸಲ ಕೇಳಿದ, ಅದೇ ದನಿಯಲ್ಲಿ. ಆಗ ನನ್ನ ಕೈ ತಣ್ಣಗಾಯಿತು. ಒಳಗೆ ಬಂದವನು ಮೆಟ್ಟಿಲ ಮೇಲೆ ಕೂತು ಶೂ ಲೇಸ್ ಕೈಯಲ್ಲಿ ಹಿಡಿದುಕೊಂಡು ಸುಮ್ಮನೆ ನೋಡುತ್ತಿದ್ದ. ಬಿಚ್ಚುವುದು ಹೇಗೆ ಅಂತ ಮರೆತವನ ಹಾಗೆ. ಅಡುಗೆಮನೆಯ ಲೈಟ್ ಹಾಕಿದರೆ ಕಣ್ಣು ಮುಚ್ಚಿಕೊಂಡ. ಮೊಸರನ್ನ ಎರಡು ತುತ್ತು ತಿಂದು ತಟ್ಟೆ ಸರಿಸಿದ. ಒಮ್ಮೆಯೂ ಪ್ರಜ್ಞೆ ತಪ್ಪಿರಲಿಲ್ಲ.

ಹಾಗಾದರೆ ಏನೇನು ನೋಡಬೇಕು?

ತಲೆನೋವು, ತಲೆಸುತ್ತು, ವಾಕರಿಕೆ ಎಲ್ಲರಿಗೂ ಗೊತ್ತು. ಗೊತ್ತಿಲ್ಲದ್ದು ಉಳಿದವು: ಬೆಳಕು, ಸದ್ದು ಸಹಿಸದಿರುವುದು. ಕೇಳಿದ್ದಕ್ಕೆ ತಡವಾಗಿ ಉತ್ತರ ಕೊಡುವುದು. ಹೇಳಿದ್ದನ್ನೇ ಹೇಳುವುದು. ಯಾವ ಟೀಮಿನ ಜೊತೆ ಆಡಿದೆವು ಅನ್ನುವುದೇ ಮರೆತಿರುವುದು. ಸಣ್ಣದಕ್ಕೂ ಸಿಡುಕುವುದು, ಕಾರಣವಿಲ್ಲದೆ ಅಳುವುದು. ನಿದ್ದೆ ತೀರಾ ಜಾಸ್ತಿ ಅಥವಾ ಬಾರದೇ ಇರುವುದು. ಇನ್ನು ಕೆಲವು ಹುಡುಗರು "ಏನೋ ಒಂಥರಾ ಆಗ್ತಿದೆ" ಅಂತಷ್ಟೇ ಹೇಳುತ್ತಾರೆ. ಆ "ಒಂಥರಾ"ವನ್ನು ದಯವಿಟ್ಟು ತಳ್ಳಿಹಾಕಬೇಡಿ.

ಎಲ್ಲ ಲಕ್ಷಣ ತಕ್ಷಣ ಕಾಣಿಸುವುದಿಲ್ಲ. ಕೆಲವು ಕೆಲವು ಗಂಟೆ ಬಿಟ್ಟು, ಕೆಲವು ಮಾರನೇ ದಿನ ಬರುತ್ತವೆ. ನಿಮ್ಮ ಮಗನ ಸ್ವಭಾವ ನಿಮಗೆ ಗೊತ್ತಿರುವಷ್ಟು ಬೇರೆ ಯಾರಿಗೂ ಗೊತ್ತಿಲ್ಲ. "ಇವನು ಇವತ್ತು ಇವನ ಹಾಗಿಲ್ಲ" ಅಂತ ಅಮ್ಮನಿಗೆ ಅನಿಸಿದರೆ ಅದನ್ನೂ ಡಾಕ್ಟರಿಗೆ ಹೇಳಿ.

ಯಾವಾಗ 911ಗೆ ಫೋನ್ ಮಾಡಬೇಕು?

ತಲೆನೋವು ಇಳಿಯದೆ ಏರುತ್ತಲೇ ಹೋದರೆ. ಪದೇ ಪದೇ ವಾಂತಿಯಾದರೆ. ಒಂದು ಕಣ್ಣಿನ ಪಾಪೆ ಇನ್ನೊಂದಕ್ಕಿಂತ ದೊಡ್ಡದಾಗಿ ಕಂಡರೆ. ಫಿಟ್ಸ್ ಬಂದರೆ. ಮಾತು ತೊದಲಿದರೆ, ಕೈಕಾಲು ಜೋಮು ಹಿಡಿದರೆ ಅಥವಾ ಬಲ ಕಳೆದುಕೊಂಡರೆ. ಎಬ್ಬಿಸಿದರೆ ಏಳದಿದ್ದರೆ. ಜನರ ಗುರುತು ಸಿಗದೆ ಗೊಂದಲ ಜಾಸ್ತಿಯಾಗುತ್ತಾ ಹೋದರೆ. ಸ್ವಲ್ಪ ಹೊತ್ತಾದರೂ ಪ್ರಜ್ಞೆ ತಪ್ಪಿದರೆ. ಇವು ಮಿದುಳಿನ ಸುತ್ತ ರಕ್ತ ಸೋರುತ್ತಿರುವ ಸೂಚನೆ ಇರಬಹುದು. ಡಾಕ್ಟರ್ ಗೆಳತಿಗೆ ವಾಟ್ಸಾಪ್ ಮಾಡಿ ನೀಲಿ ಗೆರೆಗೆ ಕಾಯುತ್ತಾ ಕೂರಬೇಡಿ.

ಮೈದಾನದಲ್ಲೇ ಬಿದ್ದು ಕುತ್ತಿಗೆ ನೋವು ಅಂದರೆ ಅವನನ್ನು ಎಬ್ಬಿಸಬೇಡಿ, ಹೆಲ್ಮೆಟ್ಟನ್ನೂ ನೀವು ತೆಗೆಯಬೇಡಿ. ಅದು ಗೊತ್ತಿರುವವರ ಕೆಲಸ.

ಒಂದು ಸ್ಕ್ಯಾನ್ ಮಾಡಿಸಿದರೆ ಗೊತ್ತಾಗಲ್ವಾ?

ಗೊತ್ತಾಗುವುದಿಲ್ಲ. ಸಿಟಿ ಸ್ಕ್ಯಾನ್ ಮಾಡುವುದು ರಕ್ತಸ್ರಾವ, ಬುರುಡೆ ಬಿರುಕು ಇದೆಯಾ ಅಂತ ನೋಡಲು. ಕನ್ಕಷನ್ ಅದರಲ್ಲಿ ಕಾಣುವುದಿಲ್ಲ, ಮಾಮೂಲಿ ಎಂಆರ್‌ಐನಲ್ಲೂ ಕಾಣುವುದಿಲ್ಲ. "ಸ್ಕ್ಯಾನ್ ನಾರ್ಮಲ್ ಬಂತು, ಇನ್ನೇನು ಆಡಬಹುದು" ಅನ್ನುವ ಮಾತು ನಮ್ಮವರ ಬಾಯಲ್ಲಿ ಜಾಸ್ತಿ ಕೇಳುತ್ತೇನೆ. ಇಂಜಿನಿಯರ್ ಅಪ್ಪಂದಿರಿಗೆ ರಿಪೋರ್ಟ್ ಕೈಗೆ ಬರಬೇಕು, ಏನು ಮಾಡೋದು. ಇಲ್ಲಿ ರಿಪೋರ್ಟ್ ಅಂದರೆ ಹುಡುಗ ಹೇಳುವ ಲಕ್ಷಣ, ಅವನ ನೆನಪು, ಅವನು ನಡೆಯುವ ರೀತಿ. ಡಾಕ್ಟರ್ ಕೂರಿಸಿಕೊಂಡು ತಿಂಗಳ ಹೆಸರು ಹಿಂದಿನಿಂದ ಹೇಳಿಸುತ್ತಾರೆ, ಒಂದು ಗೆರೆಯ ಮೇಲೆ ನಡೆಸುತ್ತಾರೆ, ಒಂಟಿಕಾಲಲ್ಲಿ ನಿಲ್ಲಿಸುತ್ತಾರೆ.

2018ರಲ್ಲಿ ಇಲ್ಲಿನ ಔಷಧ ನಿಯಂತ್ರಣ ಸಂಸ್ಥೆ ಎಫ್‌ಡಿಎ ಒಪ್ಪಿಗೆ ಕೊಟ್ಟ ರಕ್ತಪರೀಕ್ಷೆಯ ಬಗ್ಗೆಯೂ ಕೇಳುತ್ತಾರೆ. ಅದು ದೊಡ್ಡವರಿಗೆ ಸಿಟಿ ಸ್ಕ್ಯಾನ್ ಬೇಕಾ ಬೇಡವಾ ಅಂತ ತೀರ್ಮಾನಿಸಲು ಬಂದದ್ದು. ಹದಿನಾಲ್ಕರ ಹುಡುಗನಿಗೆ ಆಡಲು ಬಿಡಬಹುದಾ ಅಂತ ಹೇಳುವ ಪರೀಕ್ಷೆ ಅಲ್ಲ.

ತಲೆಗೆ ಪೆಟ್ಟು ಬಿದ್ದ ರಾತ್ರಿ ಮಲಗಲು ಬಿಡಬಾರದು ಅಂತ ಊರಿಂದ ಅತ್ತೆ ಫೋನ್ ಮಾಡಿದ್ದಾರೆ.

ನಮ್ಮತ್ತೆಯೂ ಮಾಡಿದ್ದರು, ತಿಪಟೂರಿನಿಂದ, ಅಲ್ಲಿ ಬೆಳಗಿನ ಒಂಬತ್ತು ಗಂಟೆ. "ಮಲಗಿಸಬೇಡ ಕಣೇ, ಬುಗುಟಿಗೆ ಬಟ್ಟೆ ಬಿಸಿ ಮಾಡಿ ಒತ್ತು" ಅಂದರು. ಬುಗುಟೇ ಇರಲಿಲ್ಲ, ಅದೇ ತೊಂದರೆ.

ಡಾಕ್ಟರ್ ನೋಡಿ, ಅಪಾಯದ ಲಕ್ಷಣ ಇಲ್ಲ ಅಂತ ಹೇಳಿ ಮನೆಗೆ ಕಳಿಸಿದ್ದರೆ ಮಲಗಲಿ. ನಿದ್ದೆ ಮಿದುಳಿಗೆ ಬೇಕು. ರಾತ್ರಿ ಎಬ್ಬಿಸಿ ನೋಡಬೇಕಾ ಅಂತ ಡಾಕ್ಟರನ್ನೇ ಕೇಳಿಕೊಂಡು ಬನ್ನಿ. ಇನ್ನೂ ಯಾರೂ ನೋಡಿಲ್ಲ, ಹುಡುಗ ತೂಕಡಿಸುತ್ತಿದ್ದಾನೆ ಅಂದರೆ ಮೊದಲು ತೋರಿಸಿ. ನೋವಿಗೆ ಟೈಲೆನಾಲ್ (ನಮ್ಮೂರಿನ ಪ್ಯಾರಾಸಿಟಮಾಲ್) ಸಾಮಾನ್ಯವಾಗಿ ಕೊಡುತ್ತಾರೆ. ಐಬುಪ್ರೊಫೆನ್, ಆಸ್ಪಿರಿನ್ ಮಾತ್ರ ಕೇಳದೆ ಕೊಡಬೇಡಿ, ರಕ್ತ ಸೋರುವ ಭಯ ಇರುತ್ತದೆ.

ಎಷ್ಟು ದಿನ ಕತ್ತಲೆ ಕೋಣೆಯಲ್ಲಿ ಮಲಗಿಸಬೇಕು?

ಒಂದು ಕಾಲದಲ್ಲಿ ಹಾಗೆ ಹೇಳುತ್ತಿದ್ದರು. ಈಗ ಹೇಳುವುದಿಲ್ಲ. 2022ರಲ್ಲಿ ಆಮ್‌ಸ್ಟರ್‌ಡ್ಯಾಮ್‌ನಲ್ಲಿ ಕ್ರೀಡಾ ಕನ್ಕಷನ್ ಬಗ್ಗೆ ತಜ್ಞರ ದೊಡ್ಡ ಸಭೆ ಸೇರಿತ್ತು. ಅದರ ಒಮ್ಮತದ ವರದಿ 2023ರಲ್ಲಿ ಬಂತು. ಮೊದಲ 24ರಿಂದ 48 ಗಂಟೆ ಹಗುರವಾದ ವಿಶ್ರಾಂತಿ ಸಾಕು, ಆ ಹೊತ್ತಿನಲ್ಲಿ ಫೋನ್, ಟಿವಿ ಕಡಿಮೆ ಇರಲಿ, ಆಮೇಲೆ ನಿಧಾನವಾಗಿ ನಡೆದಾಟ ಶುರುವಾಗಲಿ ಅನ್ನುವುದು ಅದರ ಸಾರ. ವಾರಗಟ್ಟಲೆ ಕತ್ತಲಲ್ಲಿ ಕೂಡಿಹಾಕಿದರೆ ಹುಡುಗ ಇನ್ನಷ್ಟು ಕುಗ್ಗುತ್ತಾನೆ, ಚೇತರಿಕೆಯೂ ತಡವಾಗುತ್ತದೆ.

ನಾವು ಮೂರನೇ ದಿನ ಸಂಜೆ ಬೀದಿಯ ಕೊನೆಯ ಅಂಚೆಪೆಟ್ಟಿಗೆಯವರೆಗೆ ನಡೆದು ಬಂದೆವು. ಅಷ್ಟಕ್ಕೇ ಅವನಿಗೆ ತಲೆ ಧಿಮ್ ಅಂದಿತು. ಮರುದಿನ ಅರ್ಧ ದೂರ ಹೋದೆವು. ಹತ್ತನೇ ದಿನಕ್ಕೆ ಪಾರ್ಕ್ ಸುತ್ತಿ ಬಂದ. ಹೆಚ್ಚಿನ ಮಕ್ಕಳು ಎರಡರಿಂದ ನಾಲ್ಕು ವಾರದಲ್ಲಿ ಸುಧಾರಿಸಿಕೊಳ್ಳುತ್ತಾರೆ. ಮುಂಚೆಯೇ ಕನ್ಕಷನ್ ಆಗಿದ್ದವರಿಗೆ, ಮೈಗ್ರೇನ್ ಇರುವವರಿಗೆ ಇನ್ನೂ ಹೆಚ್ಚು ದಿನ ಹಿಡಿಯಬಹುದು.

ಸ್ವಲ್ಪ ತಲೆಸುತ್ತು ಅಷ್ಟೇ. ಅದೇ ಮ್ಯಾಚಿಗೆ ವಾಪಸ್ ಹೋದರೆ ಏನಾಗುತ್ತೆ?

ಇದಕ್ಕೆ ಉತ್ತರ ಜ್ಯಾಕರಿ ಲಿಸ್ಟೆಟ್ ಅನ್ನುವ ಹುಡುಗನ ಕಥೆ. ಈ ದೇಶದ ಕಾನೂನನ್ನೇ ಬದಲಿಸಿದ ಕಥೆ.

2006ರ ಅಕ್ಟೋಬರ್. ವಾಷಿಂಗ್ಟನ್ ರಾಜ್ಯದಲ್ಲಿ, ಸಿಯಾಟಲ್‌ಗೆ ಹತ್ತಿರದ ಮೇಪಲ್ ವ್ಯಾಲಿ. ಹುಡುಗನಿಗೆ 13 ವರ್ಷ. ಮೊದಲ ಅರ್ಧದಲ್ಲಿ ಟ್ಯಾಕಲ್ ಮಾಡುವಾಗ ತಲೆ ನೆಲಕ್ಕೆ ಬಡಿಯಿತು. ತಲೆ ಹಿಡಿದುಕೊಂಡು ಹೊರಗೆ ಬಂದ. ಸ್ವಲ್ಪ ಹೊತ್ತು ಕೂತ. ಮೂರನೇ ಕ್ವಾರ್ಟರ್‌ನಲ್ಲಿ ಮತ್ತೆ ಆಡಲು ಹೋದ. ಆಟ ಮುಗಿಯುವ ಹೊತ್ತಿಗೆ ಕುಸಿದುಬಿದ್ದ. ಹೆಲಿಕಾಪ್ಟರ್‌ನಲ್ಲಿ ಆಸ್ಪತ್ರೆಗೆ ಒಯ್ದರು. ಮಿದುಳಿನ ಬಾವಿನ ಒತ್ತಡ ಇಳಿಸಲು ಬುರುಡೆಯ ಎರಡೂ ಬದಿಯ ಮೂಳೆ ತೆಗೆಯಬೇಕಾಯಿತು. ಅವನ ಬಾಯಿಂದ ಒಂದು ಮಾತು ಹೊರಡಲು ಒಂಬತ್ತು ತಿಂಗಳು ಹಿಡಿಯಿತು. ಕೈಯೋ ಕಾಲೋ ಅಲುಗಲು 13 ತಿಂಗಳು. 20 ತಿಂಗಳು ನಳಿಕೆಯಲ್ಲೇ ಊಟ.

ಮೊದಲ ಪೆಟ್ಟಿನಿಂದ ಇನ್ನೂ ಸುಧಾರಿಸದ ಮಿದುಳಿಗೆ ಎರಡನೇ ಪೆಟ್ಟು ಬಿದ್ದರೆ ಮಿದುಳು ದಿಢೀರನೆ ಊದಿಕೊಳ್ಳುವುದೂ ಉಂಟು. ಸೆಕೆಂಡ್ ಇಂಪ್ಯಾಕ್ಟ್ ಸಿಂಡ್ರೋಮ್ ಅನ್ನುತ್ತಾರೆ. ತೀರಾ ಅಪರೂಪ. ಆದರೆ ಹಾಗೇನಾದರೂ ಆಯಿತೆಂದರೆ ಜೀವಕ್ಕೇ ಬರುತ್ತದೆ, ಮತ್ತು ಆದವರಲ್ಲಿ ಬಹುಪಾಲು ಹದಿಹರೆಯದವರು, ಎಳೆಯ ವಯಸ್ಸಿನವರು. ಎರಡನೇ ಪೆಟ್ಟು ದೊಡ್ಡದೇ ಆಗಿರಬೇಕು ಅಂತಲೂ ಇಲ್ಲ.

2009ರ ಮೇನಲ್ಲಿ ವಾಷಿಂಗ್ಟನ್ ರಾಜ್ಯ ಲಿಸ್ಟೆಟ್ ಹೆಸರಿನಲ್ಲೇ ಕಾನೂನು ತಂದಿತು. ಕನ್ಕಷನ್ ಅನುಮಾನ ಬಂದರೆ ಹುಡುಗನನ್ನು ಆಟದಿಂದ ಕೂಡಲೇ ಹೊರಗೆ ತೆಗೆಯಬೇಕು. ಪರಿಣತಿ ಇರುವವರು ಬರೆದುಕೊಡುವವರೆಗೆ ವಾಪಸ್ ಬಿಡಬಾರದು. ಅಪ್ಪ ಅಮ್ಮ ಪ್ರತಿ ವರ್ಷ ಮಾಹಿತಿ ಓದಿ ಸಹಿ ಹಾಕಬೇಕು. 2014ರ ಹೊತ್ತಿಗೆ 50 ರಾಜ್ಯಗಳಲ್ಲೂ ಇಂಥ ಕಾನೂನು ಬಂದಿತ್ತು. ಸೀಸನ್ ಶುರುವಿಗೆ ಶಾಲೆಯವರು ಕಳಿಸುವ ಆ ಫಾರ್ಮ್, ನಾವೆಲ್ಲ ಓದದೆ ಫೋನಿನಲ್ಲೇ ಟಕ್ ಟಕ್ ಅಂತ ಸಹಿ ಹಾಕುತ್ತೇವಲ್ಲ, ಅದರ ಹಿಂದೆ ಇರುವುದು ಈ ಹುಡುಗ.

ಟೆಕ್ಸಸ್‌ನಲ್ಲಿ ಏನು ನಿಯಮ? ಕೋಚ್ "ಪರವಾಗಿಲ್ಲ, ಆಡಲಿ" ಅಂದರೆ?

ಕೋಚ್ ಹಾಗನ್ನುವಂತಿಲ್ಲ. ಇಲ್ಲಿನ ಕಾನೂನು 2011ರದು, ಹೆಸರು ನತಾಶಾಸ್ ಲಾ. ತಮಾಷೆ ನೋಡಿ, ಫುಟ್‌ಬಾಲ್ ಅಂದರೆ ಪ್ರಾಣ ಬಿಡುವ ಟೆಕ್ಸಸ್‌ನಲ್ಲಿ ಕನ್ಕಷನ್ ಕಾನೂನಿಗೆ ಇರುವುದು ಸಾಕರ್ (ನಮ್ಮೂರಿನ ಫುಟ್‌ಬಾಲ್) ಆಡುತ್ತಿದ್ದ ಹುಡುಗಿಯ ಹೆಸರು.

ಅದರಲ್ಲಿ ಒಂದು ಸಾಲನ್ನು ಎಲ್ಲ ಅಮ್ಮಂದಿರಿಗೂ ಓದಿ ಹೇಳಬೇಕು ಅನಿಸುತ್ತದೆ. ಕನ್ಕಷನ್ ಆಗಿರಬಹುದು ಅಂತ ಕೋಚ್, ಡಾಕ್ಟರ್, ಲೈಸೆನ್ಸ್ ಇರುವ ಆರೋಗ್ಯ ಸಿಬ್ಬಂದಿ ಅಥವಾ ಹುಡುಗನ ತಂದೆತಾಯಿ, ಇವರಲ್ಲಿ ಯಾರಿಗೇ ಅನಿಸಿದರೂ ಅವನನ್ನು ಆಟದಿಂದ ತೆಗೆಯಬೇಕು. ತಂದೆತಾಯಿ! ಗ್ಯಾಲರಿಯಲ್ಲಿ ಕೂತು ಕೈ ಹಿಸುಕಿಕೊಳ್ಳಬೇಕಾಗಿಲ್ಲ. ಇಳಿದು ಹೋಗಿ "ನನ್ನ ಮಗನನ್ನು ಕೂರಿಸಿ" ಅನ್ನಬಹುದು. ಹುಡುಗನಿಗೆ ನಾಚಿಕೆಯಾಗುತ್ತದೆ, ಆಗಲಿ.

ಆಮೇಲೆ ವಾಪಸ್ ಬಿಡಲು ಡಾಕ್ಟರ್ ಲಿಖಿತ ಒಪ್ಪಿಗೆ ಬೇಕು. ಆ ಡಾಕ್ಟರನ್ನು ನೀವೇ ಆರಿಸಬಹುದು. ನಿಮ್ಮ ಸಹಿಯೂ ಬೇಕು. ಕೋಚ್ ತಾನೇ ಒಪ್ಪಿಗೆ ಕೊಡುವಂತಿಲ್ಲ ಅಂತ ಕಾನೂನಿನಲ್ಲೇ ಇದೆ.

ಬೇರೆ ರಾಜ್ಯದಲ್ಲಿದ್ದರೆ ವಿವರ ಬೇರೆ ಇರುತ್ತದೆ. ಕ್ಯಾಲಿಫೋರ್ನಿಯಾದವರಿಗೆ ಒಂದು ಮಾತು: ಶಾಲೆಯಾಚೆಯ ಯೂತ್ ಲೀಗ್‌ಗಳಲ್ಲಿ ಮೈಗೆ ಮೈ ಡಿಕ್ಕಿ ಹೊಡೆಯುವ ಪೂರ್ಣ ಪ್ರಾಕ್ಟೀಸ್ ವಾರಕ್ಕೆ ಎರಡೇ ದಿನ, ದಿನಕ್ಕೆ 30 ನಿಮಿಷ ಮಾತ್ರ. ಇದು 2021ರಿಂದ ಜಾರಿಯಲ್ಲಿದೆ. ನಿಮ್ಮ ಲೀಗ್ ಇದನ್ನು ಪಾಲಿಸುತ್ತಿದೆಯಾ ಅಂತ ಒಂದು ಸಂಜೆ ಹೋಗಿ ನೋಡಿ.

ಆಟಕ್ಕೆ ವಾಪಸ್ ಹೋಗುವುದು ಹೇಗೆ?

ಮೆಟ್ಟಿಲು ಮೆಟ್ಟಿಲಾಗಿ. ಮೊದಲು ದಿನನಿತ್ಯದ ಓಡಾಟ, ಶಾಲೆ. ಆಮೇಲೆ ಸೈಕಲ್, ಲಘು ಓಟ. ಆಮೇಲೆ ಒಬ್ಬನೇ ಮಾಡುವ ಡ್ರಿಲ್. ಆಮೇಲೆ ಟೀಮಿನ ಜೊತೆ, ಡಿಕ್ಕಿ ಇಲ್ಲದೆ. ಡಾಕ್ಟರ್ ಒಪ್ಪಿದ ಮೇಲೆ ಪೂರ್ಣ ಪ್ರಾಕ್ಟೀಸ್. ಕೊನೆಗೆ ಮ್ಯಾಚ್. ಒಂದೊಂದು ಮೆಟ್ಟಿಲಿಗೂ ಕಡಿಮೆ ಅಂದರೆ ಒಂದು ದಿನ. ಮಧ್ಯದಲ್ಲಿ ಲಕ್ಷಣ ಜಾಸ್ತಿಯಾದರೆ ಹಿಂದಿನ ಮೆಟ್ಟಿಲಿಗೆ ಇಳಿಯಬೇಕು. ನನ್ನ ಮಗ ಓಟದ ಮೆಟ್ಟಿಲಿನಿಂದ ಎರಡು ಸಲ ಇಳಿದ. ಎರಡನೇ ಸಲ ಬಾತ್‌ರೂಮಿನಲ್ಲಿ ಬಾಗಿಲು ಹಾಕಿಕೊಂಡು ಅತ್ತ.

ಶಾಲೆ, ಪರೀಕ್ಷೆ ಕಥೆ ಏನು?

ಶಾಲೆಗೆ ಮೊದಲು, ಆಟಕ್ಕೆ ಆಮೇಲೆ. ಡಾಕ್ಟರ್ ಚೀಟಿ ಕೊಟ್ಟರೆ ಶಾಲೆಯಲ್ಲಿ ಹೋಂವರ್ಕ್ ಕಡಿಮೆ ಮಾಡುತ್ತಾರೆ, ಪರೀಕ್ಷೆಗೆ ಹೆಚ್ಚು ಸಮಯ ಕೊಡುತ್ತಾರೆ, ಗಲಾಟೆಯ ಕೆಫೆಟೇರಿಯಾ ಬಿಟ್ಟು ಲೈಬ್ರರಿಯಲ್ಲಿ ಊಟ ಮಾಡಲು ಬಿಡುತ್ತಾರೆ. ಕೇಳಲು ಸಂಕೋಚ ಬೇಡ. ಗ್ರೇಡ್ ಬಿದ್ದುಹೋಗುತ್ತೆ ಅಂತ ನಮ್ಮವರು ಮಗುವಿಗೆ ಎರಡನೇ ದಿನವೇ ಆಲ್ಜೀಬ್ರಾ ಪುಸ್ತಕ ಕೈಗೆ ಕೊಡುತ್ತಾರೆ. ಕಾಲು ಮುರಿದ ಹುಡುಗನನ್ನು ಮೆಟ್ಟಿಲು ಹತ್ತಿಸಿದ ಹಾಗೆ ಅದು.

ಒಳ್ಳೆ ಹೆಲ್ಮೆಟ್ ಕೊಡಿಸಿದರೆ ಸಾಕಲ್ವಾ? ದುಡ್ಡಿನ ಯೋಚನೆ ಇಲ್ಲ.

ಮೊಸರಿನ ಡಬ್ಬಿ ನೆನಪಿದೆಯಾ? ಡಬ್ಬಿ ಎಷ್ಟು ಗಟ್ಟಿಯಾದರೂ ಬ್ರೇಕ್ ಹಾಕಿದಾಗ ಮೊಸರು ಅಲುಗುತ್ತದೆ. ಹೆಲ್ಮೆಟ್ ಬುರುಡೆ ಬಿರಿಯುವುದನ್ನು, ಮಿದುಳಿನ ರಕ್ತಸ್ರಾವವನ್ನು ಚೆನ್ನಾಗಿ ತಡೆಯುತ್ತದೆ. ಅದು ಸಣ್ಣ ಕೆಲಸವಲ್ಲ. ಆದರೆ ಕನ್ಕಷನ್ ಆಗದ ಹೆಲ್ಮೆಟ್ ಅಂತ ಇನ್ನೂ ಯಾರೂ ಮಾಡಿಲ್ಲ. ಹೆಲ್ಮೆಟ್ ಹಿಂಭಾಗದಲ್ಲಿ ಅಂಟಿಸಿರುವ ಎಚ್ಚರಿಕೆ ಚೀಟಿ ಓದಿ. ಕಂಪನಿಯವರೇ ಅದನ್ನು ಬರೆದಿರುತ್ತಾರೆ.

ವರ್ಜೀನಿಯಾ ಟೆಕ್ ವಿಶ್ವವಿದ್ಯಾಲಯ 2011ರಿಂದ ಹೆಲ್ಮೆಟ್‌ಗಳಿಗೆ ಸ್ಟಾರ್ ಕೊಡುತ್ತಾ ಬಂದಿದೆ, ಅದನ್ನು ನೋಡಿ ಆರಿಸಬಹುದು. ಅದಕ್ಕಿಂತ ಮುಖ್ಯ ಅಳತೆ. ದೊಡ್ಡವನಾದ ಮೇಲೂ ಆಗಲಿ ಅಂತ ಒಂದು ಸೈಜ್ ದೊಡ್ಡದು ತಗೊಳ್ಳುವ ನಮ್ಮ ಬಟ್ಟೆಯ ಬುದ್ಧಿ ಇಲ್ಲಿ ಬೇಡ. ಕೈಯಲ್ಲಿ ಹಿಡಿದು ಹೆಲ್ಮೆಟ್ ತಿರುಗಿಸಿದರೆ ಹಣೆಯ ಚರ್ಮವೂ ಜೊತೆಗೆ ತಿರುಗಬೇಕು. ಹೆಲ್ಮೆಟ್ ಒಂದೇ ಜಾರಿದರೆ ಅದು ಸಡಿಲ. ಇನ್ನೊಂದು, ಕೂದಲು ಕತ್ತರಿಸಿದ ವಾರ ಮತ್ತೆ ನೋಡಿ. ಹುಡುಗರ ಕೂದಲಿನ ದಪ್ಪ ಈಗ ಕೇಳಬೇಡಿ.

ಹೆಲ್ಮೆಟ್ ಮೇಲೆ ಹಾಕುವ ಮೆತ್ತನೆ ಟೋಪಿ?

ಗಾರ್ಡಿಯನ್ ಕ್ಯಾಪ್ ಅನ್ನುತ್ತಾರೆ. ವೃತ್ತಿಪರ ಆಟಗಾರರ ಲೀಗ್ ಎನ್‌ಎಫ್‌ಎಲ್ 2022ರಲ್ಲಿ ಕೆಲವು ಜಾಗದ ಆಟಗಾರರಿಗೆ ಟ್ರೇನಿಂಗ್ ಕ್ಯಾಂಪಿನಲ್ಲಿ ಕಡ್ಡಾಯ ಮಾಡಿತು, ತನ್ನವರಲ್ಲಿ ಕನ್ಕಷನ್ ಕಡಿಮೆಯಾಯಿತು ಅಂತಲೂ ಹೇಳಿತು. ವಿಸ್ಕಾನ್ಸಿನ್ ವಿಶ್ವವಿದ್ಯಾಲಯದವರು ಹೈಸ್ಕೂಲ್ ಹುಡುಗರಲ್ಲಿ ನೋಡಿದಾಗ ಹಾಕಿದವರಿಗೂ ಹಾಕದವರಿಗೂ ವ್ಯತ್ಯಾಸ ಕಾಣಲಿಲ್ಲ. ಹಾಕಿದರೆ ನಷ್ಟವಿಲ್ಲ. ಅದನ್ನು ಹಾಕಿದ್ದೇನೆ ಅಂತ ತಲೆ ತಗ್ಗಿಸಿ ನುಗ್ಗಿದರೆ ನಷ್ಟ.

ತಲೆ ತಗ್ಗಿಸಿ ನುಗ್ಗುವುದು ಅಂದರೆ?

ಹೆಲ್ಮೆಟ್ಟಿನ ನೆತ್ತಿಯಿಂದ ಎದುರಿನವನಿಗೆ ಗುದ್ದುವುದು. ಗಟ್ಟಿ ಹೆಲ್ಮೆಟ್ ಬಂದ ಮೇಲೆ ಆಟಗಾರರು ತಲೆಯನ್ನೇ ಆಯುಧ ಮಾಡಿಕೊಂಡರು. 1976ರಲ್ಲಿ ಇದನ್ನು ನಿಷೇಧಿಸಿದರು. ಕುತ್ತಿಗೆ ಮುರಿದು ಲಕ್ವ ಹೊಡೆಯುವ ಪ್ರಕರಣಗಳು ಆಮೇಲೆ ಬಹಳ ಇಳಿದವು. ಹುಡುಗ ತಲೆ ಎತ್ತಿ, ಭುಜ ಕೊಟ್ಟು ಟ್ಯಾಕಲ್ ಮಾಡುವುದನ್ನು ಕಲಿಯುತ್ತಿದ್ದಾನಾ? ಪ್ರಾಕ್ಟೀಸಿನಲ್ಲಿ ಹತ್ತು ನಿಮಿಷ ನಿಂತು ನೋಡಿದರೆ ನಮಗೂ ಗೊತ್ತಾಗುತ್ತದೆ.

ಹುಡುಗರು ಯಾಕೆ ಹೇಳುವುದಿಲ್ಲ?

ನನ್ನ ಪ್ರಕಾರ ಈ ಪುಟದ ಅಸಲಿ ಪ್ರಶ್ನೆ ಇದು. ಕಾನೂನಿದೆ, ಡಾಕ್ಟರಿದ್ದಾರೆ, ಹೆಲ್ಮೆಟ್ ಇದೆ. ಎಲ್ಲವೂ ಕೆಲಸ ಮಾಡಬೇಕಾದರೆ ಮೊದಲು ಹುಡುಗ ಬಾಯಿ ಬಿಡಬೇಕು, ಅಥವಾ ಯಾರಾದರೂ ಗಮನಿಸಬೇಕು. ಕನ್ಕಷನ್ ಆದರೆ ರಕ್ತ ಬರುವುದಿಲ್ಲ, ಕುಂಟುವುದಿಲ್ಲ. ಆಡಬಲ್ಲ ಅನ್ನುವ ಹಾಗೇ ಕಾಣುತ್ತಾನೆ. ಅಂಥ ಹೊತ್ತಲ್ಲಿ "ನನಗೆ ತಲೆ ಸರಿ ಇಲ್ಲ" ಅಂತ ಹದಿನಾಲ್ಕರ ಹುಡುಗ ಇಡೀ ಟೀಮಿನ ಮುಂದೆ ಹೇಳಬೇಕು.

ಇದು ಅಂಥಿಂಥ ಊರಲ್ಲ. ನಮ್ಮ ಪಕ್ಕದ ಆ್ಯಲನ್‌ನಲ್ಲಿ ಹೈಸ್ಕೂಲ್ ಹುಡುಗರಿಗೆ ಅಂತ 2012ರಲ್ಲಿ ಕಟ್ಟಿದ ಸ್ಟೇಡಿಯಂಗೆ 6 ಕೋಟಿ ಡಾಲರ್ ಆಗಿದೆ, 18,000 ಸೀಟಿದೆ. ಶುಕ್ರವಾರ ರಾತ್ರಿ ಇಡೀ ಊರು ಅಲ್ಲಿರುತ್ತದೆ. ಅಷ್ಟು ಜನರ ಮುಂದೆ ಹೊರಗೆ ಬರುವುದು ಸುಲಭವಾ? ಅದರ ಮೇಲೆ ನಮ್ಮ ಮಕ್ಕಳಿಗೆ ಇನ್ನೊಂದು ಭಾರ. ಟೀಮಿನಲ್ಲಿ ಭಾರತೀಯ ಹುಡುಗ ಇವನೊಬ್ಬನೇ ಇರುತ್ತಾನೆ. "ನೀವೆಲ್ಲ ಸ್ಪೆಲಿಂಗ್ ಬೀ ಜನ", ಅಂದರೆ ಸ್ಪೆಲಿಂಗ್ ಸ್ಪರ್ಧೆ ಗೆಲ್ಲುವವರು, ಅಂತ ಕೇಳಿಸಿಕೊಂಡು ಬೆಳೆದಿರುತ್ತಾನೆ. ಅವನು ತಾನಾಗಿ ಹೊರಗೆ ಬರುತ್ತಾನಾ?

ಮಗ ಆಮೇಲೆ ನನಗೆ ಹೇಳಿದ. ಆ ಟ್ಯಾಕಲ್ ಆದ ಮೇಲೆ ಸ್ಕೋರ್‌ಬೋರ್ಡ್ ಎರಡೆರಡು ಕಾಣುತ್ತಿತ್ತಂತೆ. ಪಕ್ಕದ ಹುಡುಗನ ಬೆನ್ನು ನೋಡಿಕೊಂಡು ಅವನು ಓಡಿದ ಕಡೆ ಓಡಿದನಂತೆ. "ಯಾಕೋ ಹೇಳಲಿಲ್ಲ?" ಅಂದೆ. "ಹೇಳಿದ್ರೆ ಮುಂದಿನ ವಾರ ನನ್ನ ಜಾಗ ಇನ್ನೊಬ್ಬನಿಗೆ ಹೋಗ್ತಿತ್ತಮ್ಮ" ಅಂದ.

ಅದಕ್ಕೇ ನಾನು ಹೇಳುವುದು, ತೀರ್ಮಾನವನ್ನು ಹುಡುಗನ ಮೇಲೆ ಹೊರಿಸಬೇಡಿ. ಸೀಸನ್ನಿಗೆ ಮುಂಚೆಯೇ ಮನೆಯಲ್ಲಿ ಮಾತಾಡಿ. ಗೆಳೆಯನ ಮೇಲೆ ಕಣ್ಣಿಡಲು ಹೇಳಿ: ಅವನು ತಪ್ಪು ಕಡೆ ನಿಂತರೆ, ಮುಂದೆ ಹೇಗೆ ಆಡಬೇಕು ಅಂತ ಹೇಳಿದ್ದನ್ನು ಮರೆತರೆ, ಕೋಚ್‌ಗೆ ನೀನೇ ಹೇಳು ಅಂತ. ತನ್ನ ಬಗ್ಗೆ ಹೇಳಿಕೊಳ್ಳದ ಹುಡುಗ ಗೆಳೆಯನ ಬಗ್ಗೆ ಹೇಳಿಯಾನು. ಗೆದ್ದು ಬಂದಾಗ ಹಾಡಿಹೊಗಳುವ ಅಪ್ಪಂದಿರು ಮಗ ಆಟ ಬಿಟ್ಟು ಹೊರಗೆ ಬಂದ ದಿನವೂ ಒಂದು ಮಾತು ಆಡಲಿ.

ಸೀಸನ್ ಶುರುವಿನ ಕಂಪ್ಯೂಟರ್ ಪರೀಕ್ಷೆಯಲ್ಲೂ ಒಂದು ಕಳ್ಳಾಟ ಇದೆ. ಪೆಟ್ಟು ಬಿದ್ದ ಮೇಲೆ ಹೋಲಿಸಿ ನೋಡಲು ಮುಂಚೆಯೇ ನೆನಪು, ವೇಗ ಅಳೆದಿಡುತ್ತಾರೆ. ಕೆಲವು ಹುಡುಗರು ಬೇಕಂತಲೇ ಆಗ ಕೆಟ್ಟದಾಗಿ ಮಾಡುತ್ತಾರೆ, ಆಮೇಲೆ ಸಿಕ್ಕಿಬೀಳಬಾರದು ಅಂತ.

ಸಿಟಿಇ ಅಂತ ಕೇಳಿ ಹೆದರಿಕೆಯಾಗಿದೆ. ಒಂದು ಕನ್ಕಷನ್ ಆದರೆ ಅದು ಬರುತ್ತಾ?

ಒಂದು ಕನ್ಕಷನ್ನಿನಿಂದ ಸಿಟಿಇ ಬರುತ್ತೆ ಅಂತ ಹೆದರಬೇಕಾಗಿಲ್ಲ. ಅದು ಮಿದುಳು ನಿಧಾನವಾಗಿ ಹಾಳಾಗುವ ಕಾಯಿಲೆ, ವರ್ಷಾನುಗಟ್ಟಲೆ ತಲೆಗೆ ಬೀಳುವ ಪೆಟ್ಟುಗಳ ಲೆಕ್ಕ. ಕನ್ಕಷನ್ ಅನಿಸದ ಸಣ್ಣ ಪೆಟ್ಟುಗಳೂ ಆ ಲೆಕ್ಕಕ್ಕೆ ಸೇರುತ್ತವೆ. ಟೌ ಅನ್ನುವ ಪ್ರೋಟೀನ್ ಮಿದುಳಿನಲ್ಲಿ ಗಂಟುಗಂಟಾಗಿ ಕೂರುತ್ತದೆ. ಮುಂದೆ ಮರೆವು, ಸಿಟ್ಟು, ಖಿನ್ನತೆ ಬರಬಹುದು. ಖಚಿತವಾಗಿ ಗೊತ್ತಾಗುವುದು ಸತ್ತ ಮೇಲೆ ಮಿದುಳು ಪರೀಕ್ಷಿಸಿದಾಗ.

ಫುಟ್‌ಬಾಲ್ ಆಟಗಾರರಲ್ಲಿ ಇದನ್ನು ಮೊದಲು ಗುರುತಿಸಿದ್ದು ನೈಜೀರಿಯಾದಿಂದ ಬಂದ ಡಾಕ್ಟರ್ ಬೆನೆಟ್ ಒಮಾಲು. ಪಿಟ್ಸ್‌ಬರ್ಗ್ ಟೀಮಿನ ಆಟಗಾರ ಮೈಕ್ ವೆಬ್‌ಸ್ಟರ್ 2002ರಲ್ಲಿ ತೀರಿಕೊಂಡಾಗ ಅವರ ಮಿದುಳಿನಲ್ಲಿ ಕಂಡರು, 2005ರಲ್ಲಿ ಪ್ರಕಟಿಸಿದರು. ಆಮೇಲೆ ಬಾಸ್ಟನ್ ವಿಶ್ವವಿದ್ಯಾಲಯದಲ್ಲಿ ಆ್ಯನ್ ಮೆಕ್ಕೀ ಅವರ ತಂಡ ನೂರಾರು ಮಿದುಳು ನೋಡಿದೆ. 2017ರಲ್ಲಿ ಅವರು ಪರೀಕ್ಷಿಸಿದ 111 ಎನ್‌ಎಫ್‌ಎಲ್ ಆಟಗಾರರಲ್ಲಿ 110 ಜನಕ್ಕೆ ಸಿಟಿಇ ಇತ್ತು. 2023ರಲ್ಲಿ, 30 ವರ್ಷ ತುಂಬುವ ಮುಂಚೆಯೇ ತೀರಿಕೊಂಡ 152 ಎಳೆಯ ಆಟಗಾರರಲ್ಲಿ 63 ಜನಕ್ಕೆ ಇತ್ತು.

ಈ ಅಂಕಿ ಓದುವಾಗ ಒಂದು ಜಾಗ್ರತೆ. ಇವು ಮನೆಯವರು ಕೊಟ್ಟ ಮಿದುಳುಗಳು. ಏನೋ ಸರಿ ಇರಲಿಲ್ಲ ಅನಿಸಿದ ಮನೆಯವರೇ ಜಾಸ್ತಿ ಕೊಡುತ್ತಾರೆ. ಆದ್ದರಿಂದ ಆಡಿದವರಲ್ಲಿ ಶೇಕಡಾ 99 ಜನಕ್ಕೆ ಬರುತ್ತೆ ಅಂತ ಅರ್ಥ ಮಾಡಬಾರದು. ಆದರೆ ಸುಮ್ನೆ ತಳ್ಳಿಹಾಕುವಂಥದ್ದೂ ಅಲ್ಲ. 266 ಆಟಗಾರರ ಮಿದುಳು ನೋಡಿದ 2019ರ ಅಧ್ಯಯನದಲ್ಲಿ, ಆಡಿದ ಪ್ರತಿ 2.6 ವರ್ಷಕ್ಕೆ ಸಿಟಿಇ ಇರುವ ಸಾಧ್ಯತೆ ಎರಡರಷ್ಟಾಗುತ್ತಾ ಹೋಗಿತ್ತು. ನಾನು ಲೆಕ್ಕ ಹಾಕುವುದು ಇದನ್ನೇ, ಎಷ್ಟು ವರ್ಷ ಅಂತ.

ಹಾಗಾದರೆ ಯಾವ ವಯಸ್ಸಿಗೆ ಟ್ಯಾಕಲ್ ಫುಟ್‌ಬಾಲ್ ಸೇರಿಸಬಹುದು?

ಎಷ್ಟು ತಡವಾದರೆ ಅಷ್ಟು ಒಳ್ಳೆಯದು ಅನ್ನುವುದು ನನ್ನ ಮಾತು. ಆರು, ಏಳು ವರ್ಷದ ಮಕ್ಕಳಿಗೆ ಹೆಲ್ಮೆಟ್ ಹಾಕಿ ಡಿಕ್ಕಿ ಹೊಡೆಸುವುದು ನನಗೆ ಒಪ್ಪಿಗೆಯಿಲ್ಲ. ಆ ವಯಸ್ಸಿನವರ ತಲೆ ದೊಡ್ಡದು, ಕುತ್ತಿಗೆ ಸಣಕಲು.

ಫ್ಲ್ಯಾಗ್ ಫುಟ್‌ಬಾಲ್ ಇದೆಯಲ್ಲ. ಸೊಂಟದ ಪಟ್ಟಿ ಕಿತ್ತರೆ ಔಟ್, ಬೀಳಿಸುವಂತಿಲ್ಲ. 2021ರಲ್ಲಿ ಸರ್ಕಾರದ ಆರೋಗ್ಯ ಸಂಸ್ಥೆ ಸಿಡಿಸಿ 6ರಿಂದ 14 ವರ್ಷದ ಹುಡುಗರ ಮೇಲೆ ಸೆನ್ಸರ್ ಇಟ್ಟು ಅಳೆದದ್ದನ್ನು ಪ್ರಕಟಿಸಿತು. ಒಂದು ಸೀಸನ್ನಿನಲ್ಲಿ ಟ್ಯಾಕಲ್ ಆಡುವ ಹುಡುಗನ ತಲೆಗೆ ಹೆಚ್ಚುಕಮ್ಮಿ 378 ಪೆಟ್ಟು. ಫ್ಲ್ಯಾಗ್ ಆಡುವವನಿಗೆ 8. ಈ ಎರಡು ಅಂಕಿಯನ್ನು ಫ್ರಿಜ್ ಮೇಲೆ ಬರೆದು ಅಂಟಿಸಿದ ಗೆಳತಿ ಇದ್ದಾಳೆ. ಫ್ಲ್ಯಾಗ್ ಅಂದರೆ ಚಿಕ್ಕಮಕ್ಕಳ ಆಟ ಅಂತ ಮೂಗು ಮುರಿಯುವ ಹುಡುಗನಿಗೆ 2028ರ ಲಾಸ್ ಏಂಜಲಿಸ್ ಒಲಿಂಪಿಕ್ಸ್‌ನಲ್ಲಿ ಇದೂ ಇದೆ ಅಂತ ಹೇಳಿ.

ಇದೆಲ್ಲ ರಗಳೆ ಬೇಡ, ಸಾಕರ್ ಅಥವಾ ಕ್ರಿಕೆಟ್ ಸೇರಿಸಿದರೆ ಸೇಫ್ ಅಲ್ವಾ?

ಕಡಿಮೆ ಅಪಾಯ ಅನ್ನಿ, ಸೇಫ್ ಅನ್ನಬೇಡಿ. ಸಾಕರ್‌ನಲ್ಲೂ ಕನ್ಕಷನ್ ಆಗುತ್ತದೆ, ಅದರಲ್ಲೂ ಹುಡುಗಿಯರಿಗೆ ಹುಡುಗರಿಗಿಂತ ಜಾಸ್ತಿ. 10 ವರ್ಷದೊಳಗಿನ ಮಕ್ಕಳು ತಲೆಯಲ್ಲಿ ಚೆಂಡು ಹೊಡೆಯುವಂತಿಲ್ಲ ಅಂತ ಯುಎಸ್ ಸಾಕರ್ 2015ರಲ್ಲೇ ಹೇಳಿತು. ಕ್ರಿಕೆಟ್‌ನಲ್ಲಿ ಕನ್ಕಷನ್ ಆದವನ ಬದಲು ಇನ್ನೊಬ್ಬ ಆಡುವ ನಿಯಮ 2019ರಲ್ಲಿ ಬಂತು. ಲಾರ್ಡ್ಸ್‌ನಲ್ಲಿ ಸ್ಟೀವ್ ಸ್ಮಿತ್ ಬದಲು ಲಬುಶೇನ್ ಇಳಿದದ್ದು ನಿಮ್ಮ ಮನೆಯವರಿಗೆ ನೆನಪಿರುತ್ತದೆ, ಕೇಳಿ.

ಸೇರಿಸುವ ಮುಂಚೆ ಕೋಚ್‌ಗೆ ಏನು ಕೇಳಬೇಕು?

ಪ್ರಾಕ್ಟೀಸಿನಲ್ಲೂ ಮ್ಯಾಚಿನಲ್ಲೂ ಅಥ್ಲೆಟಿಕ್ ಟ್ರೇನರ್, ಅಂದರೆ ಆಟಗಾರರ ಗಾಯ ನೋಡುವ ಆರೋಗ್ಯ ಸಿಬ್ಬಂದಿ, ಇರುತ್ತಾರಾ? ಬರೀ ವಾರ್ಸಿಟಿ (ಶಾಲೆಯ ಮುಖ್ಯ ಟೀಮ್) ಮ್ಯಾಚಿಗಾ, ಚಿಕ್ಕ ಹುಡುಗರ ಮ್ಯಾಚಿಗೂನಾ? ಪೂರ್ಣ ಡಿಕ್ಕಿಯ ಪ್ರಾಕ್ಟೀಸ್ ವಾರಕ್ಕೆ ಎಷ್ಟು ನಿಮಿಷ? ಹೋದ ವರ್ಷ ಕನ್ಕಷನ್ ಆದ ಹುಡುಗನನ್ನು ಏನು ಮಾಡಿದಿರಿ? ಈ ಕೊನೆಯ ಪ್ರಶ್ನೆಗೆ ಒಳ್ಳೆಯ ಕೋಚ್ ದಿನಗಳ ಲೆಕ್ಕ ಸಮೇತ ಉತ್ತರ ಕೊಡುತ್ತಾರೆ. "ನಮ್ಮಲ್ಲಿ ಆಗೇ ಇಲ್ಲ" ಅಂದರೆ ಬೇರೆ ಟೀಮ್ ನೋಡಿ. ಆಗಿಲ್ಲ ಅಂತಲ್ಲ, ಕಂಡಿಲ್ಲ.

ನಿಮ್ಮ ಮಗ ಈಗಲೂ ಆಡುತ್ತಾನಾ?

ಮಾರನೇ ವರ್ಷ ಒಂದು ಸೀಸನ್ ಆಡಿದ. ನಾನು ತಡೆಯಲಿಲ್ಲ, ಪ್ರತಿ ಮ್ಯಾಚಿಗೂ ಬೈನಾಕ್ಯುಲರ್ ಹಿಡಿದುಕೊಂಡು ಹೋದೆ. ಆಮೇಲೆ ತಾನೇ ಬಿಟ್ಟ. ಟ್ರ್ಯಾಕ್ ಟೀಮಿನಲ್ಲಿ ಗೆಳೆಯರು ಜಾಸ್ತಿ ಇದ್ದರು ಅಂತ, ನನ್ನ ಮಾತು ಕೇಳಿ ಅಲ್ಲ. ಹೆಲ್ಮೆಟ್ ಶಾಲೆಗೆ ವಾಪಸ್ ಕೊಟ್ಟೆವು. ಹಲ್ಲಿನ ಗುರುತು ಬಿದ್ದ ಮೌತ್‌ಗಾರ್ಡ್ ಇನ್ನೂ ಗ್ಯಾರೇಜಿನ ಡಬ್ಬಿಯಲ್ಲಿದೆ. ಎರಡೆರಡು ಕಂಡ ಸ್ಕೋರ್‌ಬೋರ್ಡ್, ಪಕ್ಕದವನ ಬೆನ್ನು ಬಿಟ್ಟರೆ ಆ ಗುರುವಾರದ ಮ್ಯಾಚಿನ ಎರಡನೇ ಅರ್ಧ ಅವನಿಗೆ ಇವತ್ತಿಗೂ ನೆನಪಿಲ್ಲ. ಸ್ಕೋರ್ ಮಾತ್ರ ನನ್ನನ್ನು ಕೇಳಿ ಕೇಳಿ ಬಾಯಿಪಾಠ.